ಕಪ್ಪು, ಬಿಳುಪು, ಸದ್ದು, ಮೌನ: ಚಿತ್ರವೇ ಇಲ್ಲದ ಒಂದು ಸಿನಿಮಾ

1960ರಲ್ಲಿ ವಿಯೆನ್ನಾ ನಗರದಲ್ಲಿ ಒಂದು ಸಿನಿಮಾ ತೋರಿಸಿದರು. ಅದರಲ್ಲಿ ನಟರಿಲ್ಲ, ಕಥೆಯಿಲ್ಲ, ಮಾತಿಲ್ಲ. ಅಷ್ಟೇ ಆಗಿದ್ದರೆ ಪರವಾಗಿರಲಿಲ್ಲ, ಯುರೋಪಿನಲ್ಲಿ ಅಂಥ ಪ್ರಯೋಗಗಳು ಆಗಲೇ ತುಂಬಾ ನಡೆದಿದ್ದವು. ಇದರಲ್ಲಿ ಚಿತ್ರವೂ ಇಲ್ಲ. ಪರದೆ ಬೆಳ್ಳಗಾಗುತ್ತದೆ, ಕಪ್ಪಾಗುತ್ತದೆ, ಮತ್ತೆ ಬೆಳ್ಳಗಾಗುತ್ತದೆ. ಸ್ಪೀಕರಿನಿಂದ ‘ಶ್‌ಶ್‌’ ಎನ್ನುವ ಒಂದೇ ಥರದ ಒರಟು ಸದ್ದು ಬರುತ್ತದೆ, ಕಡಿದುಹೋಗುತ್ತದೆ, ಮತ್ತೆ ಬರುತ್ತದೆ. 6 ನಿಮಿಷ 24 ಸೆಕೆಂಡಿಗೆ ಎಲ್ಲ ಮುಗಿಯುತ್ತದೆ. ನೋಡಲು ಬಂದವರಲ್ಲಿ ಬಹಳ ಮಂದಿ ಅಲ್ಲಿಯ ತನಕವೂ ಕೂರಲಿಲ್ಲ, ಎದ್ದು ಹೋದರು. ಈ ಸಿನಿಮಾದಿಂದ ಸ್ನೇಹಿತರನ್ನೂ ಕಳೆದುಕೊಂಡೆ ಎಂದು ನಿರ್ದೇಶಕರು ಮುಂದೆ ಹೇಳಿಕೊಂಡಿದ್ದಾರೆ.

ಆ ನಿರ್ದೇಶಕರು ಪೀಟರ್ ಕುಬೆಲ್ಕಾ. ಆಗ ಅವರಿಗೆ 26 ವರ್ಷ. ಸಿನಿಮಾದ ಹೆಸರು ‘ಅರ್ನುಲ್ಫ್ ರೈನರ್’. ಅದು ಅವರ ಸ್ನೇಹಿತರಾಗಿದ್ದ ಚಿತ್ರಕಾರರೊಬ್ಬರ ಹೆಸರು. ತಮ್ಮ ಬಗ್ಗೆ ಒಂದು ಸಿನಿಮಾ ಮಾಡಿಕೊಡಿ ಎಂದು ರೈನರ್ ಕೇಳಿದ್ದರು. ಅವರ ಕೈಗೆ ಬಂದದ್ದು ಇದು. ರೈನರ್ ಮುಖ ಇದರಲ್ಲಿ ಒಂದು ಕ್ಷಣಕ್ಕೂ ಕಾಣುವುದಿಲ್ಲ. ಹಾಗಂತ ಹೆಸರನ್ನು ಸುಮ್ನೆ ಅಂಟಿಸಿದ್ದು ಎಂದು ನನಗೆ ಅನಿಸುವುದಿಲ್ಲ. 1950ರ ದಶಕದ ಮೊದಲಿನಿಂದಲೂ ರೈನರ್ ಒಂದು ವಿಚಿತ್ರ ಕೆಲಸ ಮಾಡುತ್ತಿದ್ದರು. ಇರುವ ಚಿತ್ರದ ಮೇಲೆ ಬಣ್ಣ ಬಳಿಯುತ್ತಾ ಹೋಗುವುದು, ಅದೂ ಹೆಚ್ಚಾಗಿ ಕಪ್ಪು. ಕೆಳಗಿನ ಚಿತ್ರ ಹೆಚ್ಚುಕಡಿಮೆ ಪೂರ್ತಿ ಮುಚ್ಚಿಹೋಗುತ್ತಿತ್ತು. ಕುಬೆಲ್ಕಾ ಸಿನಿಮಾದಲ್ಲಿ ಕಪ್ಪು ಬಂದು ಇಡೀ ಪರದೆಯನ್ನು ನುಂಗುವಾಗ ಈ ಕೆಲಸ ನೆನಪಾಗದೆ ಇರುವುದಿಲ್ಲ.

ಇದನ್ನು ತಲೆಬುಡ ಇಲ್ಲದ ಆಟ ಎಂದು ತಳ್ಳಿಹಾಕುವುದು ಸುಲಭ. ಆದರೆ ಒಳಗಿನ ಲೆಕ್ಕ ನೋಡಿದರೆ ಇಷ್ಟು ಕಟ್ಟುನಿಟ್ಟಾಗಿ ಕಟ್ಟಿದ ಸಿನಿಮಾ ಸಿಗುವುದು ಕಷ್ಟ. ಆ ಲೆಕ್ಕ ತಿಳಿಯಬೇಕಾದರೆ ಮೊದಲು ಪ್ರೊಜೆಕ್ಟರ್ ಏನು ಮಾಡುತ್ತದೆ ಎಂದು ನೋಡಬೇಕು.

ಹಳೆಯ ಕಾಲದ ರೀಲಿನ ಸಿನಿಮಾದಲ್ಲಿ ಸೆಕೆಂಡಿಗೆ 24 ಫ್ರೇಮ್. ಟೆಂಟ್ ಸಿನಿಮಾದ ಹೊರಗೆ ಬಿದ್ದಿರುತ್ತಿದ್ದ ರೀಲ್ ತುಂಡು ಹೆಕ್ಕಿ ಬಿಸಿಲಿಗೆ ಹಿಡಿದು ನೋಡಿದವರಿಗೆ ಇದು ಗೊತ್ತು: ಒಂದರ ಕೆಳಗೆ ಒಂದು ಪುಟ್ಟ ಫೋಟೋ, ಪ್ರತಿಯೊಂದೂ ಅಲುಗಾಡದೆ ನಿಂತದ್ದು. ಪ್ರೊಜೆಕ್ಟರ್ ಆ ರೀಲನ್ನು ಸರಾಗವಾಗಿ ಎಳೆಯುವುದಿಲ್ಲ. ಒಂದು ಫ್ರೇಮನ್ನು ಲೆನ್ಸಿನ ಹಿಂದೆ ತಂದು ನಿಲ್ಲಿಸುತ್ತದೆ, ಬೆಳಕು ಹಾಯಿಸುತ್ತದೆ, ನಂತರ ಮುಂದಿನದನ್ನು ಎಳೆದು ತರುತ್ತದೆ. ಎಳೆಯುವ ಹೊತ್ತಿನಲ್ಲಿ ಚಿತ್ರ ಕಲಸಿದಂತೆ ಕಾಣಬಾರದಲ್ಲ, ಅದಕ್ಕೆ ತಿರುಗುವ ಶಟರ್ ಅಡ್ಡ ಬಂದು ಬೆಳಕನ್ನು ಮುಚ್ಚುತ್ತದೆ. ಸೆಕೆಂಡಿಗೆ 24 ಸಲ ಮಾತ್ರ ಮುಚ್ಚಿ ತೆರೆದರೆ ಪರದೆ ಮಿಣಮಿಣ ಅನ್ನುವುದು ಕಣ್ಣಿಗೆ ಗೊತ್ತಾಗುತ್ತದೆ. ಹಾಗಾಗಿ ಫ್ರೇಮ್ ನಿಂತಿರುವಾಗಲೂ ಶಟರ್ ಇನ್ನೊಮ್ಮೆ ಅಡ್ಡ ಬರುತ್ತದೆ. ಒಟ್ಟು 48 ಮಿನುಗು. ಅಷ್ಟು ವೇಗವಾದರೆ ಕಣ್ಣು ಅದನ್ನು ಒಂದೇ ಸಮನೆಯ ಬೆಳಕು ಎಂದು ಒಪ್ಪಿಕೊಳ್ಳುತ್ತದೆ.

ಅಂದರೆ ಮೂರು ಗಂಟೆಯ ಸಿನಿಮಾ ನೋಡಿ ಬಂದವರು ಹೆಚ್ಚುಕಡಿಮೆ ಒಂದೂವರೆ ಗಂಟೆ ಕತ್ತಲೆಯಲ್ಲೇ ಕೂತಿದ್ದರು. ಪರದೆಯ ಮೇಲೆ ಯಾರೂ ಓಡಲಿಲ್ಲ, ಯಾರೂ ಕುಣಿಯಲಿಲ್ಲ. ನಿಂತ ಚಿತ್ರಗಳು ಒಂದಾದ ಮೇಲೊಂದು ಮಿನುಗಿದವು, ಓಟವನ್ನು ನಮ್ಮ ತಲೆಯೇ ಕಟ್ಟಿಕೊಂಡಿತು.

ಸಿನಿಮಾ ಅಂದರೆ ಚಲನೆ ಎಂದು ಎಲ್ಲರೂ ಹೇಳುವಾಗ ಕುಬೆಲ್ಕಾ ಅದನ್ನು ಒಪ್ಪಲಿಲ್ಲ. ನಿಂತ ಚಿತ್ರಗಳನ್ನು ಒಂದರ ಹಿಂದೊಂದು ಪರದೆಗೆ ಎಸೆಯುವುದೇ ಸಿನಿಮಾ, ಒಂದು ಫ್ರೇಮ್ ಮತ್ತು ಅದರ ಮುಂದಿನ ಫ್ರೇಮ್ ನಡುವೆ ಏನಾಗುತ್ತದೋ ಅಲ್ಲಿ ಸಿನಿಮಾ ಮಾತಾಡುತ್ತದೆ ಎನ್ನುವುದು ಅವರ ವಾದ. ಪಕ್ಕಪಕ್ಕದ ಎರಡು ಫ್ರೇಮ್‌ಗಳಲ್ಲಿ ವ್ಯತ್ಯಾಸ ಸ್ವಲ್ಪವೇ ಇದ್ದರೆ ಚಲನೆ ಕಾಣುತ್ತದೆ. ವ್ಯತ್ಯಾಸ ಜಾಸ್ತಿಯಾದರೆ ಪೆಟ್ಟು ಬಿದ್ದಂತೆ ಆಗುತ್ತದೆ. ಎಲ್ಲಕ್ಕಿಂತ ದೊಡ್ಡ ವ್ಯತ್ಯಾಸ ಯಾವುದು? ಪೂರ್ತಿ ಬೆಳಕು ಮತ್ತು ಪೂರ್ತಿ ಕತ್ತಲೆ. ಕಿವಿಗೂ ಅದೇ ಪ್ರಶ್ನೆ ಕೇಳಿ. ಪೂರ್ತಿ ಸದ್ದು ಮತ್ತು ಪೂರ್ತಿ ಮೌನ. ‘ಅರ್ನುಲ್ಫ್ ರೈನರ್’ ಈ ನಾಲ್ಕೇ ಸಾಮಾನಿನಿಂದ ಮಾಡಿದ್ದು.

ಇಲ್ಲಿಗೆ ಅವರು ಒಂದೇ ನೆಗೆತಕ್ಕೆ ಬರಲಿಲ್ಲ. ಹಿಂದೆ ಎರಡು ಸಿನಿಮಾಗಳಿವೆ, ಎರಡೂ ಹುಟ್ಟಿದ್ದು ಜಾಹೀರಾತಾಗಿ. 1957ರ ‘ಆಡೆಬಾರ್’ ವಿಯೆನ್ನಾದ ಅದೇ ಹೆಸರಿನ ಕೆಫೆಗಾಗಿ ಮಾಡಿದ್ದು, ಒಂದು ನಿಮಿಷಕ್ಕಿಂತ ಸ್ವಲ್ಪ ಉದ್ದ. ಜೋಡಿಗಳು ಕುಣಿಯುವುದು ಬರೀ ನೆರಳಿನ ಹಾಗೆ ಕಾಣುತ್ತದೆ. ಪ್ರತಿ ತುಣುಕಿನ ಉದ್ದ 13 ಫ್ರೇಮ್, ಇಲ್ಲವೇ 26, ಇಲ್ಲವೇ 52. ಹಿಂದೆ ಆಫ್ರಿಕಾದ ಒಂದು ಹಾಡಿನ ಚೂರು ಸುತ್ತುತ್ತಿರುತ್ತದೆ, ಅದೂ 26 ಫ್ರೇಮಿನ ಉದ್ದ. ಬಿಳಿ ಇರುವಲ್ಲಿ ಕಪ್ಪು, ಕಪ್ಪು ಇರುವಲ್ಲಿ ಬಿಳಿ ಆಗಿ ಅವೇ ತುಣುಕುಗಳು ಮತ್ತೆ ಬರುತ್ತವೆ. ಎಲ್ಲಿ ಕತ್ತರಿಸಬೇಕು ಎಂಬುದನ್ನು ಇಲ್ಲಿ ಕಥೆ ಹೇಳುವುದಿಲ್ಲ, ಎಣಿಕೆ ಹೇಳುತ್ತದೆ. ಇದು ಆಗಿನ ಕಾಲಕ್ಕೆ ನಿಜಕ್ಕೂ ಹೊಸ ಯೋಚನೆ. 1958ರಲ್ಲಿ ಆಲ್ಪ್‌ಬಾಖ್ ಎಂಬ ಬೆಟ್ಟದ ಊರಿನಲ್ಲಿ ಕುಬೆಲ್ಕಾ ಈ ಸಿನಿಮಾದ ರೀಲನ್ನೇ ಬಯಲಿನಲ್ಲಿ ನೆಟ್ಟ ಮರದ ಕಂಬಗಳಿಗೆ ಬಿಗಿದು ಪ್ರದರ್ಶನಕ್ಕಿಟ್ಟರು. ಜನ ಹತ್ತಿರ ಹೋಗಿ ಕೈಯಿಂದ ಮುಟ್ಟಿ ನೋಡಬಹುದಿತ್ತು. ಸಿನಿಮಾ ಎನ್ನುವುದು ಪರದೆಯ ಮೇಲಿನ ಭ್ರಮೆ ಮಾತ್ರ ಆಗಿರದೆ ಅಳೆಯಬಹುದಾದ, ಎಣಿಸಬಹುದಾದ ವಸ್ತುವೂ ಹೌದು ಎಂದು ಅವರು ಎಷ್ಟು ಗಟ್ಟಿಯಾಗಿ ನಂಬಿದ್ದರು ಎನ್ನುವುದಕ್ಕೆ ನನಗೆ ಇದಕ್ಕಿಂತ ಒಳ್ಳೆಯ ಉದಾಹರಣೆ ಸಿಕ್ಕಿಲ್ಲ.

ಅದೇ 1958ರಲ್ಲಿ ಬಂದದ್ದು ‘ಶ್ವೆಖಾಟರ್’. ಅದು ಬಿಯರ್ ಜಾಹೀರಾತು. ಸರಿಯಾಗಿ 1440 ಫ್ರೇಮ್, ಅಂದರೆ ಒಂದು ನಿಮಿಷ. ಚೆನ್ನಾಗಿ ಉಡುಪು ತೊಟ್ಟವರು ಬಿಯರ್ ಕುಡಿಯುವ ನೋಟಗಳು ಒಂದೊಂದೇ ಫ್ರೇಮಿನಷ್ಟು ಚಿಕ್ಕದಾಗಿ ಕತ್ತರಿಸಿ, ಕಪ್ಪಿನ ಜೊತೆ ಹೆಣೆದು ಬರುತ್ತವೆ. ಯಾರು ಏನು ಕುಡಿದರು ಎಂದು ನೋಡುವಷ್ಟರಲ್ಲಿ ಮುಗಿದೇ ಹೋಗಿರುತ್ತದೆ. ಬಿಯರ್ ಕಂಪನಿಯವರಿಗೆ ಇದು ಹಿಡಿಸಲಿಲ್ಲ. ಹಿಡಿಸುವುದಾದರೂ ಹೇಗೆ!

ಈಗ ‘ಅರ್ನುಲ್ಫ್ ರೈನರ್’ ಲೆಕ್ಕಕ್ಕೆ ಬರೋಣ. ಒಟ್ಟು 9216 ಫ್ರೇಮ್. ಅದನ್ನು 16 ಭಾಗ ಮಾಡಿದ್ದಾರೆ. ಪ್ರತಿ ಭಾಗಕ್ಕೆ 576 ಫ್ರೇಮ್. ಸೆಕೆಂಡಿಗೆ 24ರಂತೆ ಓಡಿದರೆ ಒಂದು ಭಾಗಕ್ಕೆ ಸರಿಯಾಗಿ 24 ಸೆಕೆಂಡ್. ಅಂದರೆ ಒಂದು ಸೆಕೆಂಡಿನ ಒಳಗೆ 24 ಫ್ರೇಮ್, ಒಂದು ಭಾಗದ ಒಳಗೆ ಅಂಥ 24 ಸೆಕೆಂಡ್. ಇನ್ನೊಂದು ಸಂಗತಿ ನೋಡಿ: 35 ಎಂಎಂ ರೀಲಿನಲ್ಲಿ ಒಂದು ಅಡಿಗೆ 16 ಫ್ರೇಮ್ ಹಿಡಿಯುತ್ತದೆ. 9216ನ್ನು 16ರಿಂದ ಭಾಗಿಸಿದರೆ ಮತ್ತೆ 576. ಇಡೀ ಸಿನಿಮಾದ ರೀಲ್ 576 ಅಡಿ ಉದ್ದ. ಒಂದೇ ಸಂಖ್ಯೆ ಫ್ರೇಮಿನ ಎಣಿಕೆಯಲ್ಲೂ ಟೇಪು ಹಿಡಿದ ಅಳತೆಯಲ್ಲೂ ಬಂದು ನಿಲ್ಲುತ್ತದೆ.

576 ಏಕೆ? ಆ ಸಂಖ್ಯೆಯನ್ನು ಒಡೆಯುವುದು ಬಹಳ ಸುಲಭ. ಎರಡರಿಂದ ಆರು ಸಲ ಭಾಗಿಸಬಹುದು, ಉಳಿದದ್ದನ್ನು ಮೂರರಿಂದ ಎರಡು ಸಲ. ಹಾಗಾಗಿ 2, 4, 6, 8, 9, 12, 16, 18, 24, 36 ಹೀಗೆ ಸಾಗಿ 288ರ ತನಕ ಬೇರೆಬೇರೆ ಅಳತೆಯ ತುಂಡುಗಳು ಅದರಲ್ಲಿ ಚೂರೂ ಉಳಿಯದೆ ಕೂರುತ್ತವೆ. ಕುಬೆಲ್ಕಾ ಬಳಸಿದ್ದು ಇಂಥ ಅಳತೆಗಳನ್ನೇ.

ನಮ್ಮಲ್ಲಿ ತನಿ ಆವರ್ತನ, ಅಂದರೆ ಕಛೇರಿಯಲ್ಲಿ ತಾಳವಾದ್ಯಗಳು ಮಾತ್ರ ನುಡಿಯುವ ಭಾಗ, ಕೇಳಿದವರಿಗೆ ಇದು ಹೊಸ ವಿಷಯವೇ ಅಲ್ಲ. ಕಛೇರಿಯಲ್ಲಿ ಮೃದಂಗದವರು ತಾಳದ ಆವರ್ತವನ್ನು ಮುಟ್ಟುವುದಿಲ್ಲ, ಅದರ ಒಳಗಿನ ಒಡೆತವನ್ನು ಬದಲಿಸುತ್ತಾರೆ. ಒಮ್ಮೆ ನಾಲ್ಕರ ನಡೆ, ಒಮ್ಮೆ ಮೂರರ ನಡೆ. ಕೇಳುವವರ ಕೈ ತಾಳ ಹಾಕುತ್ತಿರುತ್ತದೆ, ಕಿವಿ ಮಾತ್ರ ದಾರಿ ತಪ್ಪಿದ ಹಾಗಾಗಿ ಮತ್ತೆ ಸಮಕ್ಕೆ ಬಂದು ಸೇರುತ್ತದೆ. ಕುಬೆಲ್ಕಾ ಸಿನಿಮಾದ ಹದಿನಾರು ಭಾಗಗಳೂ ಅಂಥ ಹದಿನಾರು ಆವರ್ತಗಳು. ಉದ್ದ ಒಂದೇ, ಒಡೆತ ಬೇರೆ. 576ನ್ನು ಐದರಿಂದಲೂ ಏಳರಿಂದಲೂ ಸಮನಾಗಿ ಭಾಗಿಸಲು ಬರುವುದಿಲ್ಲ, ಹಾಗಾಗಿ ಖಂಡಕ್ಕೂ ಮಿಶ್ರಕ್ಕೂ ಇಲ್ಲಿ ಜಾಗವಿಲ್ಲ. ನಾಲ್ಕರ ಚತುರಶ್ರ, ಮೂರರ ತಿಶ್ರ, ಒಂಬತ್ತರ ಸಂಕೀರ್ಣ, ಇಷ್ಟೇ. ವಿಯೆನ್ನಾದ ಈ ಸಿನಿಮಾಕ್ಕೂ ನಮ್ಮ ತಾಳಕ್ಕೂ ಸಂಬಂಧ ಇದೆ ಎಂದು ನಾನು ಹೇಳುತ್ತಿಲ್ಲ. ಆದರೆ ಲಯದ ಕಿವಿ ಇರುವ ಕನ್ನಡದ ಕೇಳುಗರಿಗೆ ಇದರ ಬಾಗಿಲು ಬೇಗ ತೆರೆಯುತ್ತದೆ ಎಂದು ನನಗೆ ಗಟ್ಟಿಯಾಗಿ ಅನಿಸುತ್ತದೆ.

ಒಂದೇ ಒಂದು ಸೆಕೆಂಡನ್ನು ಕೈಗೆತ್ತಿಕೊಂಡು ನೋಡಿ. ಇದು ಅವರ ಸಿನಿಮಾದ ತುಣುಕಲ್ಲ, ಅರ್ಥವಾಗಲಿ ಎಂದು ನಾನು ಕಟ್ಟಿದ್ದು. 24 ಫ್ರೇಮಿನಲ್ಲಿ ಮೊದಲ 12 ಬಿಳಿ, ನಂತರದ 12 ಕಪ್ಪು ಇಟ್ಟರೆ ಅರ್ಧ ಸೆಕೆಂಡ್ ಬೆಳಕು, ಅರ್ಧ ಸೆಕೆಂಡ್ ಕತ್ತಲೆ. ಆರಾಮವಾಗಿ ಎಣಿಸಬಹುದು. ಅದನ್ನೇ 6 ಬಿಳಿ, 6 ಕಪ್ಪು ಮಾಡಿದರೆ ಸೆಕೆಂಡಿಗೆ ಎರಡು ಮಿಂಚು. 2 ಬಿಳಿ, 2 ಕಪ್ಪು ಮಾಡಿದರೆ ಆರು ಮಿಂಚು, ಎಣಿಸುವುದು ಕೈಬಿಟ್ಟುಹೋಗುತ್ತದೆ. ಒಂದು ಬಿಳಿ, ಒಂದು ಕಪ್ಪು ಆದರೆ ಹನ್ನೆರಡು. ಇಲ್ಲಿ ಎಣಿಕೆ ಮುಗಿದು ಪರದೆಯೇ ನಡುಗಲು ಶುರುವಾಗುತ್ತದೆ. ಈಗ ಇದರ ಮೇಲೆ ಸದ್ದನ್ನು ಕೂರಿಸಿ. ಬೆಳಕಿನ ಜೊತೆಗೇ ಸದ್ದು ಬರಬಹುದು. ಕತ್ತಲೆಯಲ್ಲಿ ಬರಬಹುದು. ಬೆಳಕು ಮೌನವಾಗಿ ಬಂದು ಹೋದ ಮೇಲೆ ಸದ್ದು ಅದೇ ಲಯವನ್ನು ತಾನು ಹೇಳಬಹುದು. ಮಿಂಚು ಮತ್ತು ಗುಡುಗಿನ ಮಾತನ್ನು ಕುಬೆಲ್ಕಾ ಪದೇಪದೇ ಎತ್ತುತ್ತಾರೆ. ದೂರದ ಸಿಡಿಲಿನಲ್ಲಿ ಬೆಳಕು ಮೊದಲು, ಸದ್ದು ಆಮೇಲೆ. ಪ್ರಕೃತಿಯಲ್ಲಿ ಅವುಗಳ ಅಂತರ ನಮ್ಮ ಕೈಯಲ್ಲಿಲ್ಲ. ಸಿನಿಮಾದಲ್ಲಿ ಇದೆ, ಅದೂ ಸೆಕೆಂಡಿನ ಇಪ್ಪತ್ತನಾಲ್ಕನೇ ಒಂದು ಭಾಗದಷ್ಟು ಖಚಿತವಾಗಿ.

ಸದ್ದಿನ ಬಗ್ಗೆಯೂ ಒಂದು ಮಾತು. ಅವರು ಬಳಸಿದ್ದು ಬಿಳಿ ಸದ್ದು. ರೇಡಿಯೋದಲ್ಲಿ ಎರಡು ಸ್ಟೇಷನ್ ನಡುವೆ ಮುಳ್ಳು ನಿಂತರೆ ಕೇಳುತ್ತದಲ್ಲ, ಹೆಚ್ಚುಕಡಿಮೆ ಅದು. ಬಿಳಿ ಬೆಳಕಿನಲ್ಲಿ ಎಲ್ಲ ಬಣ್ಣಗಳೂ ಸೇರಿರುತ್ತವೆ. ಬಿಳಿ ಸದ್ದಿನಲ್ಲಿ ಹಾಗೆಯೇ ಕೇಳಿಸುವ ಎಲ್ಲ ಸ್ಥಾಯಿಗಳೂ ಒಟ್ಟಿಗೆ ಇರುತ್ತವೆ. ಕಣ್ಣಿಗೆ ಎಲ್ಲವೂ ಅಥವಾ ಏನೂ ಇಲ್ಲ, ಕಿವಿಗೆ ಎಲ್ಲವೂ ಅಥವಾ ಏನೂ ಇಲ್ಲ. ಇದಕ್ಕೆ ಕ್ಯಾಮೆರಾ ಬೇಕಾಗಲಿಲ್ಲ. ಕಾಗದದ ಮೇಲೆ ಮೊದಲು ಸಂಗೀತದ ಸ್ವರಲಿಪಿಯ ಹಾಗೆ ಬರೆದುಕೊಂಡರು. ನಂತರ ಪಾರದರ್ಶಕ ರೀಲ್, ಕಪ್ಪು ರೀಲ್, ಸದ್ದು ತುಂಬಿದ ಮ್ಯಾಗ್ನೆಟಿಕ್ ಟೇಪ್, ಖಾಲಿ ಟೇಪ್, ಈ ನಾಲ್ಕನ್ನು ಅಳೆದು ಕತ್ತರಿಸಿ ಅಂಟಿಸಿದರು.

ನೋಡುವವರಿಗೆ ಏನಾಗುತ್ತದೆ? ಓದಿದರೆ ಒಣಗಣಿತ ಅನಿಸುತ್ತದೆ, ಕೂತರೆ ಹಾಗಿರುವುದಿಲ್ಲ. ಬೆಳ್ಳಗೆ ಬೆಳಗಿದ ಪರದೆ ತಟ್ಟನೆ ಕಪ್ಪಾದಾಗ ಕಣ್ಣಿನ ಒಳಪದರದಲ್ಲಿ ಅದರ ಗುರುತು ಉಳಿದಿರುತ್ತದೆ. ಕತ್ತಲೆಯಲ್ಲಿ ಒಂದು ಮಸುಕು ಚೌಕ ತೇಲುತ್ತದೆ. ವೇಗ ಹೆಚ್ಚಾದಾಗ ಕೆಲವರಿಗೆ ಬಣ್ಣಗಳು ಕಾಣುತ್ತವೆ. ರೀಲಿನಲ್ಲಿ ಬಣ್ಣವೇ ಇಲ್ಲ, ಆದರೂ ಕಾಣುತ್ತದೆ. ಇದು ಮಾಯೆಯಲ್ಲ. ಕಪ್ಪು ಬಿಳುಪು ತಟ್ಟೆಯನ್ನು ತಿರುಗಿಸಿದರೆ ಬಣ್ಣ ಕಾಣುತ್ತದೆ ಎಂಬುದನ್ನು ಜರ್ಮನಿಯ ಗುಸ್ತಾವ್ ಫೆಕ್ನರ್ 19ನೇ ಶತಮಾನದಲ್ಲೇ ಬರೆದಿಟ್ಟಿದ್ದಾರೆ. ಇನ್ನೊಂದು ಸಂಗತಿ ನನಗೆ ತುಂಬಾ ಮುಖ್ಯ ಅನಿಸುತ್ತದೆ: ಪರದೆ ಬೆಳಗಿದಾಗ ಇಡೀ ಥಿಯೇಟರ್ ಬೆಳಗುತ್ತದೆ. ಮುಂದಿನ ಸಾಲಿನ ತಲೆಗಳು, ಗೋಡೆ, ಪಕ್ಕದವರ ಮುಖ, ನಮ್ಮದೇ ಕೈ ಎಲ್ಲವೂ ಕಾಣುತ್ತವೆ. ಕಪ್ಪು ಬಂದಾಗ ಎಲ್ಲವೂ ಹೋಗುತ್ತವೆ. ಸಿನಿಮಾ ಪರದೆಯ ಚೌಕದ ಒಳಗೆ ಮಾತ್ರ ನಡೆಯುತ್ತಿಲ್ಲ, ನಾವು ಕೂತ ಜಾಗದಲ್ಲೇ ನಡೆಯುತ್ತಿದೆ.

ಎಚ್ಚರಿಕೆಯನ್ನೂ ಇಲ್ಲೇ ಹೇಳಬೇಕು. ಮಿನುಗುವ ಬೆಳಕಿನಿಂದ ಫಿಟ್ಸ್ ಬರುವ ತೊಂದರೆ ಕೆಲವರಿಗೆ ಇರುತ್ತದೆ. 1997ರ ಡಿಸೆಂಬರಿನಲ್ಲಿ ಜಪಾನಿನ ಟಿವಿಯಲ್ಲಿ ಪೋಕೆಮಾನ್ ಕಾರ್ಟೂನಿನ ಒಂದು ಕಂತಿನಲ್ಲಿ ಕೆಂಪು ನೀಲಿ ಬೆಳಕು ಸೆಕೆಂಡಿಗೆ ಸುಮಾರು 12 ಸಲ ಮಿನುಗಿ, ನೂರಾರು ಮಕ್ಕಳನ್ನು ಆಸ್ಪತ್ರೆಗೆ ಸೇರಿಸಬೇಕಾಯಿತು. ಅಂಥ ತೊಂದರೆ ಇರುವವರು ಈ ಸಿನಿಮಾ ನೋಡಬಾರದು. 1966ರಲ್ಲಿ ಅಮೆರಿಕದ ಟೋನಿ ಕಾನ್ರಾಡ್ ಬರೀ ಕಪ್ಪು ಬಿಳಿ ಫ್ರೇಮ್‌ಗಳಿಂದಲೇ ‘ದಿ ಫ್ಲಿಕರ್’ ಮಾಡಿದಾಗ ಶುರುವಿನಲ್ಲೇ ಎಚ್ಚರಿಕೆಯ ಬರಹ ಹಾಕಿದ್ದರು. ಅವರ ಸಿನಿಮಾ ಅರ್ಧ ಗಂಟೆಯದ್ದು, ಮಿನುಗು ನಿಧಾನಕ್ಕೆ ಬದಲಾಗುತ್ತಾ ನೋಡುವವರನ್ನು ಒಂದು ಮಂಪರಿಗೆ ಒಯ್ಯುತ್ತದೆ. ಕುಬೆಲ್ಕಾ ಮಂಪರಿಗೆ ಬಿಡುವುದೇ ಇಲ್ಲ. ಒಂದು ಲಯಕ್ಕೆ ಒಗ್ಗಿಕೊಂಡೆವು ಅನ್ನುವಷ್ಟರಲ್ಲಿ ಅದನ್ನು ಮುರಿದು ಇನ್ನೊಂದನ್ನು ಇಡುತ್ತಾರೆ. ಎರಡರಲ್ಲಿ ನನಗೆ ಇದೇ ಹೆಚ್ಚು ಇಷ್ಟ, ಇದು ನೋಡುವವರನ್ನು ಎಚ್ಚರವಾಗಿ ಇಡುತ್ತದೆ.

ಹಾಗಾದರೆ ಫೋನಿನಲ್ಲಿ ನೋಡಿಬಿಡೋಣ ಅನಿಸಬಹುದು. ಆಗುವುದಿಲ್ಲ. ಕಾರಣಗಳು ತೀರಾ ತಾಂತ್ರಿಕ, ಆದರೆ ಕೇಳಲು ಚೆನ್ನಾಗಿವೆ. ಟಿವಿ ಮತ್ತು ವಿಡಿಯೋ ಎಷ್ಟೋ ಕಡೆ ಸೆಕೆಂಡಿಗೆ 25 ಅಥವಾ 30 ಫ್ರೇಮಿನಂತೆ ಓಡುತ್ತವೆ. 24ನ್ನು 30ಕ್ಕೆ ಎಳೆಯಬೇಕಾದರೆ ಕೆಲವು ಫ್ರೇಮನ್ನು ಎರಡೆರಡು ಸಲ ತೋರಿಸಬೇಕು, ಇಲ್ಲವೇ ಬೆರೆಸಬೇಕು. ಮಾಮೂಲಿ ಸಿನಿಮಾಕ್ಕೆ ಅದು ನಡೆಯುತ್ತದೆ. ಒಂದು ಫ್ರೇಮ್ ಆಚೀಚೆ ಆದರೆ ಲಯವೇ ಕೆಡುವ ಸಿನಿಮಾಕ್ಕೆ ನಡೆಯುವುದಿಲ್ಲ. ಇನ್ನು ವಿಡಿಯೋ ಫೈಲನ್ನು ಚಿಕ್ಕದು ಮಾಡುವ ವಿಧಾನ ನಿಂತಿರುವುದೇ ಪಕ್ಕದ ಫ್ರೇಮ್‌ಗಳು ಒಂದೇ ಥರ ಇರುತ್ತವೆ ಎಂಬ ನಂಬಿಕೆಯ ಮೇಲೆ. ಇಲ್ಲಿ ಪಕ್ಕದ ಫ್ರೇಮ್ ಪೂರ್ತಿ ಉಲ್ಟಾ. ಬಿಳಿ ಸದ್ದಿನದ್ದೂ ಅದೇ ಕತೆ, ಅದರಲ್ಲಿ ಮುಂದೇನು ಬರುತ್ತದೆ ಎಂದು ಊಹಿಸುವಂಥ ಯಾವ ಕ್ರಮವೂ ಇಲ್ಲ, ಹಾಗಾಗಿ ಕುಗ್ಗಿಸಲು ಹೋದರೆ ಸದ್ದೇ ಬದಲಾಗುತ್ತದೆ. ಅದರ ಮೇಲೆ, ಫೋನಿನ ಬೆಳಕಿಗೆ ನಮ್ಮ ಕೋಣೆ ಕಪ್ಪೂ ಆಗುವುದಿಲ್ಲ, ಬಿಳಿಯೂ ಆಗುವುದಿಲ್ಲ. ಕುಬೆಲ್ಕಾ ತಮ್ಮ ಸಿನಿಮಾಗಳನ್ನು ಡಿಜಿಟಲ್ ಮಾಡಲು ಒಪ್ಪದೆ ಉಳಿದದ್ದನ್ನು ಹಟ ಎಂದು ಕೆಲವರು ಅನ್ನುತ್ತಾರೆ. ಈ ಸಿನಿಮಾದ ಮಟ್ಟಿಗಾದರೂ ಅವರು ಹೇಳುವುದು ಸರಿ ಎಂದೇ ನನ್ನ ಅಭಿಪ್ರಾಯ.

ಸಿನಿಮಾ ನೋಡುವ ಜಾಗದ ಬಗ್ಗೆ ಅವರ ಕಾಳಜಿ ಬರೀ ಮಾತಿನದ್ದಾಗಿರಲಿಲ್ಲ. 1964ರಲ್ಲಿ ಪೀಟರ್ ಕೊನ್ಲೆಖ್ನರ್ ಜೊತೆ ಸೇರಿ ಆಸ್ಟ್ರಿಯಾದ ಫಿಲ್ಮ್ ಮ್ಯೂಸಿಯಂ ಕಟ್ಟಿದರು. 1970ರಲ್ಲಿ ನ್ಯೂಯಾರ್ಕಿನ ಆಂಥಾಲಜಿ ಫಿಲ್ಮ್ ಆರ್ಕೈವ್ಸ್ ಶುರುವಾದಾಗ ಅದರ ಥಿಯೇಟರಿನ ವಿನ್ಯಾಸ ಇವರದ್ದೇ. ಗೋಡೆ, ಚಾವಣಿ, ಕುರ್ಚಿ ಎಲ್ಲ ಕಪ್ಪು. ಪಕ್ಕದವರು ಕಾಣದಂತೆ ಪ್ರತಿ ಕುರ್ಚಿಗೂ ಎರಡು ಕಡೆ ಅಡ್ಡ ಹಲಗೆ, ಮೇಲೆ ಒಂದು ಮರೆ. ಪರದೆ ಬಿಟ್ಟು ಬೇರೇನೂ ಕಣ್ಣಿಗೆ ಬೀಳಬಾರದು. ಅಷ್ಟೆಲ್ಲ ಮಾಡಿದ ಮನುಷ್ಯ ಮುಂದೆ ಜರ್ಮನಿಯ ಫ್ರಾಂಕ್‌ಫರ್ಟಿನ ಕಲಾ ಶಾಲೆಯಲ್ಲಿ ಸಿನಿಮಾದ ಜೊತೆ ಅಡುಗೆಯನ್ನೂ ಒಂದು ಕಲೆಯಾಗಿ ಪಾಠ ಮಾಡಿದರು ಎನ್ನುವುದು ನನಗೆ ಬಹಳ ಖುಷಿ ಕೊಡುವ ಸಂಗತಿ. ಇಡೀ ಜೀವನದಲ್ಲಿ ಮಾಡಿದ ಸಿನಿಮಾಗಳನ್ನೆಲ್ಲ ಸೇರಿಸಿದರೂ ಒಂದು ಗಂಟೆಯ ಆಸುಪಾಸು.

ಅದರಲ್ಲಿ ಕೊನೆಯದು ಬಂದದ್ದು 2012ರಲ್ಲಿ, ‘ಅರ್ನುಲ್ಫ್ ರೈನರ್’ ಬಂದು 52 ವರ್ಷಗಳ ನಂತರ. ಹೆಸರು ‘ಆಂಟಿಫೋನ್’. ಊರೂರಿನ ಥಿಯೇಟರುಗಳು ಪ್ರೊಜೆಕ್ಟರ್ ಕಿತ್ತು ಡಿಜಿಟಲ್ ಹಾಕಿಸಿಕೊಳ್ಳುತ್ತಿದ್ದ ಸಮಯ ಅದು. ಕುಬೆಲ್ಕಾಗೆ 78 ವರ್ಷ. ಹಳೆಯ ಸಿನಿಮಾದ ಪ್ರತಿ ಫ್ರೇಮನ್ನೂ ಅವರು ಉಲ್ಟಾ ಮಾಡಿದರು. ಬಿಳಿ ಇದ್ದಲ್ಲಿ ಕಪ್ಪು, ಕಪ್ಪು ಇದ್ದಲ್ಲಿ ಬಿಳಿ, ಸದ್ದು ಇದ್ದಲ್ಲಿ ಮೌನ, ಮೌನ ಇದ್ದಲ್ಲಿ ಸದ್ದು. ಉದ್ದ ಅದೇ 9216 ಫ್ರೇಮ್. ಎರಡನ್ನೂ ಸೇರಿಸಿದ ಪ್ರದರ್ಶನಕ್ಕೆ ‘ಮಾನ್ಯುಮೆಂಟ್ ಫಿಲ್ಮ್’ ಎಂದು ಹೆಸರು. ಮೊದಲು ಹಳೆಯದು, ನಂತರ ಹೊಸದು, ಆಮೇಲೆ ಎರಡನ್ನೂ ಪಕ್ಕಪಕ್ಕ, ಕೊನೆಗೆ ಎರಡನ್ನೂ ಒಂದೇ ಪರದೆಯ ಮೇಲೆ ಒಂದರ ಮೇಲೊಂದು.

ಕಾಗದದ ಲೆಕ್ಕದ ಪ್ರಕಾರ ಕೊನೆಯ ಸುತ್ತಿನಲ್ಲಿ ಕಪ್ಪೇ ಇರಬಾರದು, ಮೌನವೇ ಇರಬಾರದು. ಒಂದರ ಕಪ್ಪನ್ನು ಇನ್ನೊಂದರ ಬಿಳಿ ತುಂಬುತ್ತದೆ. 6 ನಿಮಿಷ 24 ಸೆಕೆಂಡ್ ಒಂದೇ ಸಮನೆಯ ಬೆಳಕು, ಒಂದೇ ಸಮನೆಯ ಸದ್ದು. ಆದರೆ ಎರಡು ಯಂತ್ರಗಳು ಕೂದಲೆಳೆಯಷ್ಟೂ ವ್ಯತ್ಯಾಸವಿಲ್ಲದೆ ಓಡುವುದುಂಟೇ? ದೀಪಗಳ ಬಿಳುಪು ಒಂದೇ ಇರುವುದಿಲ್ಲ, ಶಟರುಗಳು ಒಂದೇ ಕ್ಷಣಕ್ಕೆ ಮುಚ್ಚುವುದಿಲ್ಲ, ಹಳೆಯ ರೀಲಿಗೆ ಗೀರು ಬಿದ್ದಿರುತ್ತದೆ. ಹಾಗಾಗಿ ಬೆಳಕಿನ ಒಳಗೇ ಲಯ ಇಣುಕುತ್ತದೆ. ಇದನ್ನು ನೋಡಬೇಕಾದರೆ ಎರಡು 35 ಎಂಎಂ ಪ್ರೊಜೆಕ್ಟರ್ ಬೇಕು, ಎರಡು ಪ್ರಿಂಟ್ ಬೇಕು, ಎರಡನ್ನೂ ಒಂದೇ ಫ್ರೇಮಿಗೆ ಹೊಂದಿಸಿ ಒಟ್ಟಿಗೆ ಶುರು ಮಾಡಬಲ್ಲ ಆಪರೇಟರ್ ಬೇಕು.